ಕೆಲ್ಟರು ಅಂದ್ರೆ ಯಾರು? ಉಪ್ಪಿನ ಗಣಿಯಿಂದ ತುರುಗೋಳಿನ ಕತೆಯವರೆಗೆ

ಅಕ್ಟೋಬರ್ ಕೊನೆಗೆ ಬೆಂಗಳೂರಿನ ಅಪಾರ್ಟ್‌ಮೆಂಟುಗಳಲ್ಲಿ ಮಕ್ಕಳು ಮುಖಕ್ಕೆ ಬಣ್ಣ ಬಳಿದುಕೊಂಡು, ಪ್ಲಾಸ್ಟಿಕ್ ಕುಂಬಳಕಾಯಿ ಹಿಡಿದು ಮನೆಮನೆ ಬಾಗಿಲು ತಟ್ಟುವುದು ಈಗ ಮಾಮೂಲಾಗಿದೆ. ಹೋದ ವರ್ಷ ಪಕ್ಕದ ಮನೆಯ ಹುಡುಗಿ ಚಾಕೊಲೇಟ್ ಇಸ್ಕೊಂಡ ಮೇಲೂ ಹೋಗದೆ ಬಾಗಿಲಲ್ಲೇ ನಿಂತಳು. "ಆಂಟಿ, ಹ್ಯಾಲೋವೀನ್ ಯಾವ ದೇವರ ಹಬ್ಬ?" ಅಂದಳು. ಹಿಂದೆ ನಿಂತಿದ್ದ ಅವಳಮ್ಮ ಫೋನ್ ನೋಡಿ, "ಪುರಾತನ ಕೆಲ್ಟರ ಹಬ್ಬ ಅಂತೆ ಕಣೇ" ಅಂದರು. ತಕ್ಷಣ ಇನ್ನೊಂದು ಪ್ರಶ್ನೆ ಬಂತು. "ಕೆಲ್ಟರದು ಯಾವ ದೇಶ?"

ಈ ಎರಡನೇ ಪ್ರಶ್ನೆಗೆ ಒಂದು ಮಾತಿನ ಉತ್ತರ ಇಲ್ಲ. ಕೆಲ್ಟರದು ಅಂತ ಒಂದು ದೇಶ ಯಾವತ್ತೂ ಇರಲಿಲ್ಲ. ಅವರಿಗೆಲ್ಲ ಸೇರಿ ಒಬ್ಬ ರಾಜ ಇರಲಿಲ್ಲ, ಒಂದು ರಾಜಧಾನಿಯೂ ಇರಲಿಲ್ಲ. ಆದರೂ ಸ್ಪೇನ್‌ನಿಂದ ಟರ್ಕಿಯವರೆಗೆ ಆ ಹೆಸರಿನ ಗುರುತು ಸಿಗುತ್ತದೆ. ಇದು ಹೇಗೆ ಅಂತ ಬುಡದಿಂದ ನೋಡೋಣ.

## ಹೊರಗಿನವರು ಇಟ್ಟ ಹೆಸರು

ದಕ್ಷಿಣದಿಂದ ಯಾರೇ ಹೋಗಲಿ, ಉತ್ತರ ಭಾರತದ ಕೆಲವು ಕಡೆ "ಮದ್ರಾಸಿ" ಅಂದುಬಿಡುತ್ತಿದ್ದರು. ಹುಬ್ಬಳ್ಳಿಯವರೂ ಮದ್ರಾಸಿ, ಕೊಚ್ಚಿಯವರೂ ಮದ್ರಾಸಿ. ಕರೆಯುವವರಿಗೆ ಅಷ್ಟು ಸಾಕಿತ್ತು. ಒಳಗೆ ಎಷ್ಟು ಭಾಷೆ, ಎಷ್ಟು ಬಗೆಯ ಅಡುಗೆ, ಎಷ್ಟು ಜಗಳ ಇದೆ ಅನ್ನುವುದು ನಮಗೆ ಗೊತ್ತು.

"ಕೆಲ್ಟ್" ಅನ್ನುವ ಹೆಸರೂ ಹೆಚ್ಚುಕಮ್ಮಿ ಹೀಗೇ ಹರಡಿತು. ಕ್ರಿ.ಪೂ. 5ನೇ ಶತಮಾನದಲ್ಲಿ ಗ್ರೀಕ್ ಲೇಖಕ ಹೆರೊಡೊಟಸ್, ಡ್ಯಾನ್ಯೂಬ್ ನದಿ "ಕೆಲ್ಟೊಯ್" ಜನರ ನಾಡಿನಲ್ಲಿ ಹುಟ್ಟುತ್ತದೆ ಅಂತ ಬರೆದ. ರೋಮನ್ನರು ಅದೇ ಬಗೆಯ ಜನರನ್ನು "ಗಾಲ್ಲಿ" ಅಂದರು, ಈಗಿನ ಫ್ರಾನ್ಸ್ ಇರುವ ಜಾಗಕ್ಕೆ ಗಾಲ್ ಅಂತ ಹೆಸರಾಯಿತು. ಆ ನಾಡನ್ನು ಗೆದ್ದ ಜೂಲಿಯಸ್ ಸೀಸರ್ ಗಾಲ್ ಮೂರು ಭಾಗವಾಗಿದೆ, ಅದರಲ್ಲಿ ಒಂದು ಭಾಗದವರು ತಮ್ಮ ಭಾಷೆಯಲ್ಲಿ ತಮ್ಮನ್ನು ಕೆಲ್ಟರು ಅಂತ ಕರೆದುಕೊಳ್ಳುತ್ತಾರೆ ಎಂದು ಬರೆದಿದ್ದಾನೆ. ಅಂದರೆ ಕೆಲವರಿಗೆ ಅದು ಸ್ವಂತ ಹೆಸರೇ. ಉಳಿದವರಿಗೆ ಹೊರಗಿನವರು ಹಚ್ಚಿದ ಚೀಟಿ.

ಈ ಜನ ಒಂದೇ ಕಡೆ ಕೂತವರೂ ಅಲ್ಲ. ಕ್ರಿ.ಪೂ. 390ರ ಸುಮಾರಿಗೆ ಒಂದು ಗುಂಪು ರೋಮ್ ನಗರವನ್ನೇ ಸೂರೆ ಮಾಡಿತು. ಕ್ರಿ.ಪೂ. 279ರಲ್ಲಿ ಇನ್ನೊಂದು ಗುಂಪು ಗ್ರೀಸ್‌ನ ಡೆಲ್ಫಿಗೆ ನುಗ್ಗಿತು. ಮರುವರ್ಷ ಕೆಲವರು ಸಮುದ್ರ ದಾಟಿ ಹೋಗಿ, ಮುಂದೆ ಈಗಿನ ಅಂಕಾರಾದ ಸುತ್ತಮುತ್ತ ನೆಲೆ ನಿಂತರು. ಅವರೇ ಗಲಾತ್ಯರು. ಕನ್ನಡ ಬೈಬಲ್ ಓದಿದವರಿಗೆ ಈ ಹೆಸರು ಗೊತ್ತು. ಪೌಲನು ಗಲಾತ್ಯದವರಿಗೆ ಬರೆದ ಪತ್ರ ಇದೆಯಲ್ಲ, ಆ ನಾಡಿಗೆ ಹೆಸರು ಬಂದದ್ದು ಇವರಿಂದ.

ಇವತ್ತು ಕೆಲ್ಟಿಕ್ ಅಂದ ಕೂಡಲೇ ಐರ್ಲೆಂಡ್, ಸ್ಕಾಟ್ಲೆಂಡ್, ವೇಲ್ಸ್ ನೆನಪಾಗುತ್ತವೆ ಅಲ್ವಾ? ವಿಚಿತ್ರ ಏನಂದ್ರೆ, ಹಳೆಯ ಗ್ರೀಕರು, ರೋಮನ್ನರು ಈ ದ್ವೀಪಗಳ ಜನರನ್ನು ಕೆಲ್ಟರು ಅಂತ ಕರೆಯುತ್ತಿರಲಿಲ್ಲ. ಬ್ರಿಟನ್‌ನವರು ಬ್ರಿಟನ್ನರು, ಅಷ್ಟೇ. ಕೆಲ್ಟ್ ಅನ್ನುವ ಹೆಸರು ಅವರಿಗೆ ಅಂಟಿಕೊಂಡದ್ದು ಬಹಳ ತಡವಾಗಿ, ಅದೂ ಭಾಷೆಯ ದಾರಿಯಲ್ಲಿ.

## ಪಾಲು, ಹಾಲು, ಆಲು

1707ರಲ್ಲಿ ವೇಲ್ಸ್‌ನ ಎಡ್ವರ್ಡ್ ಲುಯಿಡ್ ಅನ್ನುವ ವಿದ್ವಾಂಸ ಒಂದು ದೊಡ್ಡ ಗ್ರಂಥ ಅಚ್ಚು ಹಾಕಿಸಿದ. ಆಕ್ಸ್‌ಫರ್ಡಿನ ಆಶ್ಮೋಲಿಯನ್ ಮ್ಯೂಸಿಯಂ ನೋಡಿಕೊಳ್ಳುತ್ತಿದ್ದವನು ಅವನು. ವೇಲ್ಸ್ ಭಾಷೆ, ಐರಿಶ್, ಸ್ಕಾಟ್ಲೆಂಡಿನ ಗೇಲಿಕ್, ಕಾರ್ನಿಶ್, ಫ್ರಾನ್ಸ್‌ನ ಬ್ರೆಟನ್, ಇವೆಲ್ಲ ಒಂದೇ ಮನೆಯ ಮಕ್ಕಳು, ಹಳೆಯ ಗಾಲ್‌ನ ಭಾಷೆಯೂ ಇದೇ ಮನೆಯದು ಅಂತ ಪದಗಳನ್ನು ಪಕ್ಕಪಕ್ಕ ಇಟ್ಟು ತೋರಿಸಿದ. ಅಲ್ಲಿಂದ ಈ ಮನೆತನಕ್ಕೆ "ಕೆಲ್ಟಿಕ್" ಅನ್ನುವ ಹೆಸರು ನಿಂತಿತು. ನೂರು ವರ್ಷ ಆದಮೇಲೆ, 1816ರಲ್ಲಿ, ಮದ್ರಾಸಿನಲ್ಲಿ ಎಲ್ಲಿಸ್ ಅನ್ನುವ ಅಧಿಕಾರಿ ಕನ್ನಡ, ತಮಿಳು, ತೆಲುಗಿಗೆ ಒಂದೇ ಮೂಲ ಅಂತ ತೋರಿಸಿದ್ದು ಇದೇ ಬಗೆಯ ಕೆಲಸ.

ಭಾಷೆಗಳು ಒಂದೇ ಮನೆಯವು ಅಂತ ಹೇಗೆ ಗೊತ್ತಾಗುತ್ತದೆ? ಇದನ್ನು ಕನ್ನಡದವರಿಗೆ ಹೇಳುವುದು ಬಹಳ ಸುಲಭ. ಹಳಗನ್ನಡದ "ಪಾಲ್" ಈಗ "ಹಾಲು" ಆಗಿದೆ, "ಪುಲಿ" ಹೋಗಿ "ಹುಲಿ" ಬಂದಿದೆ. ಮಂಡ್ಯದ ಕಡೆ ಮಾತಿನಲ್ಲಿ ಆ ಹಕಾರವೂ ಬಿದ್ದುಹೋಗಿ "ಆಲು", "ಉಲಿ" ಅನ್ನುತ್ತಾರೆ. ತಮಿಳಿನಲ್ಲಿ ಇವತ್ತಿಗೂ ಪಾಲ್, ಪುಲಿ. ಕೆಲ್ಟಿಕ್ ಭಾಷೆಗಳಲ್ಲೂ ಥೇಟ್ ಇದೇ ನಡೆದಿದೆ. ಸಂಸ್ಕೃತದಲ್ಲಿ ಪಿತೃ, ಲ್ಯಾಟಿನ್‌ನಲ್ಲಿ ಪಾತೆರ್. ಐರಿಶ್‌ನಲ್ಲಿ ಮೊದಲಿನ ಪಕಾರ ಮಾಯವಾಗಿ "ಅಹಿರ್". ಮೀನಿಗೆ ಲ್ಯಾಟಿನ್ನರು ಪಿಸ್ಕಿಸ್ ಅಂದರೆ ಐರಿಶ್‌ನಲ್ಲಿ "ಈಸ್ಕ್". ಪಾಲು ಹಾಲಾಗಿ ಆಲಾದ ದಾರಿ ನಮಗೆ ಗೊತ್ತಿರುವುದರಿಂದ ಇದು ಹೇಗಾಯಿತು ಅಂತ ಬೇರೆ ಹೇಳಬೇಕಾಗಿಲ್ಲ.

ಆಮೇಲೆ ಈ ಮನೆಯೊಳಗೇ ಒಂದು ಪಾಲು ಆಯಿತು. ಒಂದು ಕಡೆಯವರು ಕಕಾರ ಉಳಿಸಿಕೊಂಡರು, ಇನ್ನೊಂದು ಕಡೆಯವರು ಅದೇ ಜಾಗದಲ್ಲಿ ಪಕಾರ ತಂದರು. ತಲೆಗೆ ಐರಿಶ್‌ನಲ್ಲಿ "ಕ್ಯಾನ್", ವೇಲ್ಸ್‌ನಲ್ಲಿ "ಪೆನ್". ಮಗ ಅನ್ನುವುದಕ್ಕೆ ಐರಿಶ್, ಸ್ಕಾಟಿಶ್ ಕಡೆ "ಮ್ಯಾಕ್", ವೇಲ್ಸ್‌ನಲ್ಲಿ "ಮಾಬ್". ಮ್ಯಾಕ್‌ಡೊನಾಲ್ಡ್ ಅಂದ್ರೆ ಡೊನಾಲ್ಡನ ಮಗ ಅಂತಲೇ ಅರ್ಥ.

ಒಂದು ಮಾತು ಇಲ್ಲಿ ನೆನಪಿಟ್ಟುಕೊಳ್ಳಬೇಕು. ಒಂದೇ ಕುಟುಂಬದ ಭಾಷೆ ಆಡಿದ ಮಾತ್ರಕ್ಕೆ ಒಂದೇ ರಕ್ತ ಆಗುವುದಿಲ್ಲ. ಬ್ರಿಟನ್ನಿನ ಜನರ ಡಿಎನ್ಎ ಬಗ್ಗೆ 2015ರಲ್ಲಿ ಬಂದ ದೊಡ್ಡ ಅಧ್ಯಯನದಲ್ಲಿ "ಕೆಲ್ಟಿಕ್" ಅಂತ ಒಂದೇ ಗುಂಪು ಕಾಣಲೇ ಇಲ್ಲ. ವೇಲ್ಸ್‌ನವರು, ಕಾರ್ನ್‌ವಾಲ್‌ನವರು, ಸ್ಕಾಟರು ಬೇರೆಬೇರೆಯಾಗೇ ನಿಂತರು.

## ಉಪ್ಪು ಕಾಪಾಡಿದ ಊರು

ಭಾಷೆಯ ದಾರಿ ಬಿಟ್ಟು ಈಗ ಮಣ್ಣಿಗೆ ಬರೋಣ. ಆಸ್ಟ್ರಿಯಾದ ಹಾಲ್‌ಸ್ಟಾಟ್ ಊರಿನ ಫೋಟೊ ನೀವು ನೋಡಿರುತ್ತೀರಿ, ಸರೋವರದ ಅಂಚಿಗೆ ಅಂಟಿಕೊಂಡ ಮನೆಗಳು, ಹಿಂದೆ ನೆಟ್ಟಗೆ ಎದ್ದ ಬೆಟ್ಟ. ಆ ಬೆಟ್ಟದೊಳಗೆ ಉಪ್ಪಿದೆ. 1846ರಲ್ಲಿ ಅಲ್ಲಿನ ಗಣಿಯ ಮೇಲ್ವಿಚಾರಕ ಯೋಹಾನ್ ಜಾರ್ಜ್ ರಾಮ್ಸೌವರ್‌ಗೆ ಅಗೆಯುವಾಗ ಸಮಾಧಿಗಳು ಸಿಕ್ಕವು. ಆತ ಪುರಾತತ್ವ ಓದಿದವನಲ್ಲ. ಆದರೂ ಹದಿನೇಳು ವರ್ಷ ಬಿಡದೆ ಅಗೆದು, ಸುಮಾರು 980 ಸಮಾಧಿಗಳನ್ನು ತೆರೆದು, ಯಾವ ಎಲುಬಿನ ಪಕ್ಕ ಯಾವ ಬಳೆ, ಯಾವ ಕತ್ತಿ ಇತ್ತು ಅಂತ ಒಂದೊಂದನ್ನೂ ಬಣ್ಣದ ಚಿತ್ರವಾಗಿ ಬರೆಸಿಟ್ಟ. ಬೇರೆ ಕಡೆ ಚಿನ್ನ ಕಿತ್ತುಕೊಂಡು ಗುಂಡಿ ಮುಚ್ಚುತ್ತಿದ್ದ ಕಾಲ ಅದು. ಆತನ ಶಿಸ್ತಿಗೆ ಇವತ್ತಿನವರೂ ಕೈ ಮುಗಿಯಬೇಕು.

ಮಾವಿನಕಾಯಿಯನ್ನು ಉಪ್ಪಿನಲ್ಲಿ ಹಾಕಿಟ್ಟರೆ ವರ್ಷಗಟ್ಟಲೆ ಕೆಡುವುದಿಲ್ಲ ಅಲ್ವಾ? ಹಾಲ್‌ಸ್ಟಾಟ್ ಗಣಿಯ ಒಳಗೂ ಅಷ್ಟೇ. ಬೇರೆ ಕಡೆ ಕೊಳೆತು ಹೋಗುವ ಬಟ್ಟೆ ಚೂರು, ಚರ್ಮದ ಬೆನ್ನುಚೀಲ, ಮರದ ಹಿಡಿ ಎಲ್ಲ ಉಳಿದಿವೆ. 1734ರಲ್ಲಿ ಒಬ್ಬ ಗಣಿ ಕೆಲಸಗಾರನ ದೇಹವೇ ಉಪ್ಪಿನೊಳಗೆ ಸಿಕ್ಕಿತ್ತು. ಇನ್ನೊಂದು ಆಧಾರ ಕೇಳಲು ಚೆಂದ ಅನ್ನಿಸದೆ ಇರಬಹುದು, ಆದರೆ ಅದರಿಂದ ತಿಳಿದದ್ದು ಬಹಳ. ಗಣಿಯಲ್ಲಿ ಉಳಿದ ಮಲವನ್ನು ಪರೀಕ್ಷೆ ಮಾಡಿದಾಗ, ಸುಮಾರು 2700 ವರ್ಷದ ಹಿಂದಿನ ಆ ಕೆಲಸಗಾರರು ಬೂಷ್ಟು ಹಿಡಿಸಿದ ಚೀಸ್ ತಿಂದಿದ್ದರು, ಬಿಯರ್ ಕುಡಿದಿದ್ದರು ಅಂತ 2021ರಲ್ಲಿ ಗೊತ್ತಾಯಿತು.

ಕ್ರಿ.ಪೂ. 800ರಿಂದ 450ರವರೆಗಿನ ಕಬ್ಬಿಣ ಯುಗದ ಈ ರೀತಿನೀತಿಗೆ ಹಾಲ್‌ಸ್ಟಾಟ್ ಸಂಸ್ಕೃತಿ ಅಂತಲೇ ಹೆಸರಿಟ್ಟಿದ್ದಾರೆ. ಆದರೆ ಆ ಗಣಿ ಕೆಲಸಗಾರ ಯಾವ ಭಾಷೆ ಆಡುತ್ತಿದ್ದ? ಬಳೆಯನ್ನೋ ಮಡಕೆಯನ್ನೋ ನೋಡಿ ಅದನ್ನು ಹೇಳಲು ಆಗುವುದಿಲ್ಲ. ವಸ್ತುವಿಗೂ ಭಾಷೆಗೂ ಮಧ್ಯೆ ಇರುವ ಈ ಕಂದರವೇ ಇಡೀ ವಿಷಯದಲ್ಲಿ ಜಾಸ್ತಿ ಗೊಂದಲ ಹುಟ್ಟಿಸುವ ಜಾಗ.

## ಹಂಡೆಯಷ್ಟು ಜೇನುಮದ್ಯ, ಒಬ್ಬ ಸೋದರಮಾವ

ಜರ್ಮನಿಯ ಸ್ಟುಟ್‌ಗಾರ್ಟ್ ಹತ್ತಿರ ಹೊಖ್‌ಡಾರ್ಫ್ ಅನ್ನುವ ಊರಿದೆ. ಅಲ್ಲಿ ಹೊಲದ ನಡುವೆ ಇದ್ದ ಒಂದು ತಗ್ಗು ದಿಬ್ಬವನ್ನು 1978, 79ರಲ್ಲಿ ಅಗೆದಾಗ ಕಳ್ಳರು ಮುಟ್ಟದ ಸಮಾಧಿ ಕೋಣೆ ಸಿಕ್ಕಿತು. ಕ್ರಿ.ಪೂ. 530ರ ಸುಮಾರಿನದು. ಒಳಗೆ ನಲವತ್ತರ ಆಸುಪಾಸಿನ, ಆರಡಿಗೂ ಮೇಲಿನ ಆಳು, ಕಂಚಿನ ಸೋಫಾದಂಥ ಆಸನದ ಮೇಲೆ ಮಲಗಿದ್ದ. ಆ ಆಸನಕ್ಕೆ ಕಾಲುಗಳ ಬದಲು ಎಂಟು ಪುಟ್ಟ ಹೆಂಗಸರ ಗೊಂಬೆಗಳು, ಒಬ್ಬೊಬ್ಬಳ ಕೆಳಗೂ ಒಂದೊಂದು ಚಕ್ರ. ಅವನ ಪಾದರಕ್ಷೆಗೆ ಚಿನ್ನದ ತಗಡು. ತಲೆ ಹತ್ತಿರ ಬರ್ಚ್ ಮರದ ತೊಗಟೆಯ ಟೋಪಿ. ಇಷ್ಟೆಲ್ಲ ಸಿರಿವಂತಿಕೆ ನಡುವೆ ಮೀನು ಹಿಡಿಯುವ ಗಾಳಗಳು ಮತ್ತು ಉಗುರು ಕತ್ತರಿಸುವ ಒಂದು ಸಾಧನ. ನನಗೆ ಚಿನ್ನಕ್ಕಿಂತ ಈ ಗಾಳಗಳೇ ಇಷ್ಟ. ಇವನಿಗೆ ಹೊಳೆ ದಂಡೆಯಲ್ಲಿ ಕೂರುವುದು ಖುಷಿ ಕೊಡುತ್ತಿತ್ತು ಅಂತ ಯಾರಿಗೋ ಗೊತ್ತಿತ್ತು, ಜೊತೆಗೆ ಇಟ್ಟು ಕಳಿಸಿದರು.

ಕೋಣೆಯ ಮೂಲೆಯಲ್ಲಿ ಗ್ರೀಕರ ನಾಡಿನಿಂದ ಬಂದ ದೊಡ್ಡ ಕಂಚಿನ ಹಂಡೆ ಇತ್ತು, ಸುಮಾರು 500 ಲೀಟರ್ ಹಿಡಿಯುವಂಥದ್ದು. ತಳದಲ್ಲಿ ಒಣಗಿ ಉಳಿದ ಪರಾಗ ನೋಡಿ ಅದರಲ್ಲಿದ್ದದ್ದು ಜೇನಿನಿಂದ ಮಾಡಿದ ಮದ್ಯ ಅಂತ ತಿಳಿಯಿತು. ಕುಡಿಯಲು ಒಂಬತ್ತು ಕೊಂಬುಗಳು. ಎಂಟು ಕಾಡೆತ್ತಿನವು, ಒಂದು ಕಬ್ಬಿಣದ್ದು, ಯಜಮಾನನದು. ಫ್ರಾನ್ಸ್‌ನ ವಿಕ್ಸ್‌ನಲ್ಲಿ 1953ರಲ್ಲಿ ಸಿಕ್ಕ ಸಮಾಧಿ ಇದಕ್ಕೂ ಮಿಗಿಲು. ಅಲ್ಲಿನ ಕಂಚಿನ ಪಾತ್ರೆ 1.64 ಮೀಟರ್ ಎತ್ತರ, 208 ಕಿಲೋ ತೂಕ, ಸುಮಾರು 1100 ಲೀಟರ್ ಹಿಡಿಯುತ್ತದೆ. ಅಲ್ಲಿ ಮಲಗಿದ್ದವಳು ಒಬ್ಬ ಹೆಂಗಸು.

ಹೊಖ್‌ಡಾರ್ಫ್ ಯಜಮಾನನ ಬಗ್ಗೆ 2024ರಲ್ಲಿ ಹೊಸ ವಿಷಯ ಹೊರಬಂತು. ಹತ್ತು ಕಿಲೋಮೀಟರ್ ದೂರದ ಇನ್ನೊಂದು ದೊಡ್ಡ ಸಮಾಧಿಯಲ್ಲಿದ್ದವನ ಡಿಎನ್ಎ ಜೊತೆ ಹೋಲಿಸಿದಾಗ ಇವರಿಬ್ಬರು ಬಹುಶಃ ಸೋದರಮಾವ ಮತ್ತು ಸೋದರಳಿಯ ಅಂತ ಕಂಡಿತು. ಅಂದರೆ ಯಜಮಾನಿಕೆ ಅಕ್ಕನ ಅಥವಾ ತಂಗಿಯ ಮಗನಿಗೆ ಹೋಗಿರಬಹುದು. ಕರಾವಳಿಯವರಿಗೆ ಇದಕ್ಕೆ ಹೆಸರೂ ಗೊತ್ತು, ಅಳಿಯಸಂತಾನ. 2025ರಲ್ಲಿ ಇಂಗ್ಲೆಂಡಿನ ಡಾರ್ಸೆಟ್‌ನ ಕಬ್ಬಿಣ ಯುಗದ ಸಮಾಧಿಗಳ ಅಧ್ಯಯನವೂ ಇದರ ಜೊತೆಗೆ ನಿಲ್ಲುವಂಥದ್ದನ್ನೇ ಹೇಳಿತು. ಅಲ್ಲಿ ಹೆಂಗಸರು ತವರಲ್ಲೇ ಉಳಿದಿದ್ದರು, ಗಂಡಸರು ಮದುವೆಯಾಗಿ ಹೊರಗಿನಿಂದ ಬಂದಿದ್ದರು. ಮನೆ ಅಳಿಯಂದಿರು.

## ನೀರಿಗೆ ಕೊಟ್ಟ ಕತ್ತಿಗಳು

1857ರಲ್ಲಿ ಸ್ವಿಟ್ಜರ್ಲೆಂಡಿನ ನ್ಯೂಶಾಟೆಲ್ ಸರೋವರದ ನೀರು ತುಂಬ ಇಳಿಯಿತು. ಲಾ ಟೆನ್ ಅನ್ನುವ ಜಾಗದಲ್ಲಿ ಕೆಸರಿನಿಂದ ಮರದ ಕಂಬಗಳು ಎದ್ದು ಕಂಡವು, ಕೆದಕಿದರೆ ಕತ್ತಿಗಳು. ಮುಂದಿನ ಅಗೆತಗಳೂ ಸೇರಿ ಸುಮಾರು 2500 ವಸ್ತುಗಳು ಸಿಕ್ಕವು. ಕ್ರಿ.ಪೂ. 450ರ ನಂತರದ ಕಾಲಕ್ಕೆ ಈ ಊರಿನ ಹೆಸರನ್ನೇ ಇಟ್ಟಿದ್ದಾರೆ. ಕೆಲ್ಟಿಕ್ ಡಿಸೈನ್ ಅಂತ ನಾವು ನೋಡುವ ಬಳ್ಳಿ ಸುತ್ತಿದಂಥ, ಕೊನೆಯೇ ಇಲ್ಲದ ಸುರುಳಿಗಳ ಬೇರು ಇಲ್ಲಿದೆ.

ಒಳ್ಳೆ ಕತ್ತಿಗಳನ್ನು ನೀರಿಗೆ ಯಾಕೆ ಹಾಕಿದರು? ಕೆಲವು ಜಾಗಗಳಲ್ಲಿ ಕತ್ತಿಯನ್ನು ಬೇಕಂತಲೇ ಬಗ್ಗಿಸಿ ಹಾಕಿದ್ದಾರೆ, ಮತ್ತೆ ಯಾರೂ ಬಳಸಬಾರದು ಅನ್ನುವ ಹಾಗೆ. ಹಾಗಾಗಿ ದೇವರಿಗೆ ಕೊಟ್ಟ ಕಾಣಿಕೆ ಅನ್ನುವುದು ಹೆಚ್ಚಿನವರು ಒಪ್ಪುವ ಉತ್ತರ. ವೇಲ್ಸ್‌ನ ಆಂಗಲ್ಸಿ ದ್ವೀಪದಲ್ಲಿ ಎರಡನೇ ಮಹಾಯುದ್ಧದ ವೇಳೆ ವಿಮಾನ ನಿಲ್ದಾಣ ಕಟ್ಟುವಾಗ ಕೆರೆಯ ಕೆಸರಿನಿಂದ ಒಂದು ಕಬ್ಬಿಣದ ಸರಪಳಿ ಸಿಕ್ಕಿತು. ಕೆಸರಲ್ಲಿ ಹೂತ ಲಾರಿಯನ್ನು ಕೆಲಸಗಾರರು ಅದೇ ಸರಪಳಿ ಕಟ್ಟಿ ಎಳೆದು ತೆಗೆದರು. ಆಮೇಲೆ ಪರೀಕ್ಷೆ ಮಾಡಿದರೆ ಅದು ಸುಮಾರು 2000 ವರ್ಷ ಹಳೆಯದು, ಗುಲಾಮರ ಕೊರಳಿಗೆ ಹಾಕಿ ಸಾಲಾಗಿ ನಡೆಸಿಕೊಂಡು ಹೋಗುತ್ತಿದ್ದ ಸರಪಳಿ.

## ಬರೆಯದೆ ಕಲಿತವರು

ಡ್ರೂಯಿಡರು ಅಂದ್ರೆ ಕೆಲ್ಟರ ಪುರೋಹಿತರು, ನ್ಯಾಯ ಹೇಳುವವರು, ಪಾಠ ಹೇಳುವವರು, ಎಲ್ಲ ಸೇರಿ. ಅವರ ಕಲಿಕೆ ಕೆಲವೊಮ್ಮೆ 20 ವರ್ಷ ಹಿಡಿಯುತ್ತಿತ್ತು, ಎಲ್ಲವನ್ನೂ ಬಾಯಿಪಾಠ ಮಾಡಬೇಕಿತ್ತು, ಬರೆದಿಡುವುದು ತಪ್ಪು ಅಂತ ಎಣಿಸುತ್ತಿದ್ದರು ಎಂದು ಸೀಸರ್ ಹೇಳುತ್ತಾನೆ. ವೇದ ಕಲಿಯುವ ಕ್ರಮ ಬಲ್ಲವರಿಗೆ ಇದು ಹೊಸದಲ್ಲ. ಆದರೆ ವೇದದ ಸಾಲು ಮುರಿಯಲಿಲ್ಲ, ಡ್ರೂಯಿಡರ ಸಾಲು ಮುರಿಯಿತು. ರೋಮನ್ ಸೈನ್ಯ ಕ್ರಿ.ಶ. 60ರ ಸುಮಾರಿಗೆ ಅದೇ ಆಂಗಲ್ಸಿ ದ್ವೀಪಕ್ಕೆ ನುಗ್ಗಿ ಅವರ ಪವಿತ್ರ ತೋಪುಗಳನ್ನು ಕಡಿದುಹಾಕಿತು. ಅವರ ಒಂದೇ ಒಂದು ಮಂತ್ರವೂ ನಮಗೆ ಉಳಿದಿಲ್ಲ. ಉಳಿದಿರುವುದು ಅವರ ಶತ್ರುಗಳು ಬರೆದ ಮಾತು. ಬಿಳಿ ಬಟ್ಟೆ, ಚಿನ್ನದ ಕುಡುಗೋಲು, ಓಕ್ ಮರದಿಂದ ಬಂದಳಿಕೆ ಕೊಯ್ಯುವುದು, ಇದೆಲ್ಲ ರೋಮನ್ ಲೇಖಕ ಪ್ಲಿನಿಯಿಂದ ಬಂದದ್ದು.

ಸ್ಟೋನ್‌ಹೆಂಜ್ ಕಟ್ಟಿದ್ದು ಡ್ರೂಯಿಡರಲ್ಲ. ಅಲ್ಲಿನ ದೊಡ್ಡ ಕಲ್ಲುಗಳು ಕ್ರಿ.ಪೂ. 2500ರ ಸುಮಾರಿನವು, ಡ್ರೂಯಿಡರ ಬಗ್ಗೆ ಸಿಗುವ ಮೊದಲ ಬರಹಗಳಿಗಿಂತ ಎರಡು ಸಾವಿರ ವರ್ಷಕ್ಕೂ ಹಿಂದಿನವು. ಆ ನಂಟು ಕಟ್ಟಿದ್ದು 17, 18ನೇ ಶತಮಾನದ ಇಂಗ್ಲೆಂಡಿನ ವಿದ್ವಾಂಸರು.

ಆ ನಂಬಿಕೆ ನಮ್ಮೂರಿಗೂ ಬಂದಿತ್ತು. ಸುರಪುರ ಸಂಸ್ಥಾನದಲ್ಲಿದ್ದ ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರ್, ಆ ಭಾಗದ ಕಲ್ಲುಗೋರಿಗಳನ್ನು ಅಗೆದು, 1860ರ ದಶಕದಲ್ಲಿ ಡಬ್ಲಿನ್‌ನ ರಾಯಲ್ ಐರಿಶ್ ಅಕಾಡೆಮಿಯ ಸಂಪುಟದಲ್ಲಿ ಲೇಖನ ಪ್ರಕಟಿಸಿದ. ಆ ಕಲ್ಲುಗಳನ್ನು ಶೀರ್ಷಿಕೆಯಲ್ಲೇ "ಕೆಲ್ಟಿಕ್, ಡ್ರೂಯಿಡರ ಅಥವಾ ಸಿಥಿಯನ್" ಅಂತ ಕರೆದಿದ್ದಾನೆ! ಆತನ ಅಗೆತ, ನಕ್ಷೆ ಬಹಳ ಒಳ್ಳೆಯವು. ಹೆಸರು ಮಾತ್ರ ತಪ್ಪು. ಯೂರೋಪಿನ ಕಲ್ಲುಗೋರಿಗಳು ಕೆಲ್ಟರಿಗಿಂತ ಸಾವಿರಾರು ವರ್ಷ ಹಳೆಯವು, ಕರ್ನಾಟಕದವು ಇಲ್ಲಿನ ಕಬ್ಬಿಣ ಯುಗದ ಜನರವು.

## ಜೌಗಿನಲ್ಲಿ ಸಿಕ್ಕ ಕೈಗಳು

ಐರ್ಲೆಂಡಿನ ನಡುಭಾಗದಲ್ಲಿ ಪೀಟ್ ಜೌಗು ಜಾಸ್ತಿ. ಸಾವಿರಾರು ವರ್ಷದ ಪಾಚಿ ಕೊಳೆಯದೆ ಪದರ ಪದರವಾಗಿ ಕೂತು ಕಪ್ಪು ಮಣ್ಣಿನಂತಾಗುತ್ತದೆ. ಒಣಗಿಸಿ ಒಲೆಗೆ ಉರಿಸುತ್ತಾರೆ. ಅಲ್ಲಿನ ನೀರು ಹುಳಿ, ಗಾಳಿ ಒಳಗೆ ಹೋಗುವುದಿಲ್ಲ. ಹಾಗಾಗಿ ಒಳಗೆ ಬಿದ್ದ ದೇಹದ ಚರ್ಮ, ಕೂದಲು, ಉಗುರು ಹದ ಮಾಡಿದ ತೊಗಲಿನ ಹಾಗೆ ಉಳಿಯುತ್ತವೆ. ಎಲುಬು ಕರಗಿಹೋಗಬಹುದು, ಚರ್ಮದ ಮೇಲಿನ ರಂಧ್ರ ಕಾಣುತ್ತದೆ.

2003ರಲ್ಲಿ ಕೆಲವೇ ತಿಂಗಳ ಅಂತರದಲ್ಲಿ ಅಲ್ಲಿ ಇಬ್ಬರು ಸಿಕ್ಕರು. ಒಬ್ಬನ ತಲೆಗೂದಲು ಮೇಲಕ್ಕೆ ಎತ್ತಿ ಕಟ್ಟಿತ್ತು, ಅದು ನಿಲ್ಲಲಿ ಅಂತ ಹಚ್ಚಿದ್ದ ಜೆಲ್‌ನಲ್ಲಿ ಫ್ರಾನ್ಸ್ ಅಥವಾ ಸ್ಪೇನ್ ಕಡೆಯ ಪೈನ್ ಮರದ ಅಂಟು ಇತ್ತು. ಕ್ರಿಸ್ತ ಹುಟ್ಟುವ ಇನ್ನೂರು ಮುನ್ನೂರು ವರ್ಷ ಮೊದಲೇ ಅಷ್ಟು ದೂರದಿಂದ ತಲೆಗೆ ಹಚ್ಚುವ ಸಾಮಾನು ತರಿಸಿದ್ದಾನೆ. ಇನ್ನೊಬ್ಬನನ್ನು ಓಲ್ಡ್‌ಕ್ರೋಘನ್ ಮನುಷ್ಯ ಅನ್ನುತ್ತಾರೆ. ತಲೆ ಇಲ್ಲ, ಸೊಂಟದ ಕೆಳಗೆ ಇಲ್ಲ. ತೋಳಿನ ಅಳತೆ ನೋಡಿದರೆ ಸುಮಾರು ಆರಡಿ ಮೂರು ಇಂಚು ಎತ್ತರದ ಆಳು. ಅವನ ಕೈಗಳ ಫೋಟೊ ನೋಡಿದವರು ಮರೆಯುವುದಿಲ್ಲ. ಬೆರಳ ಗೆರೆಗಳು ಹಾಗೇ ಇವೆ, ಉಗುರು ನೀಟಾಗಿವೆ, ಹೊಲದಲ್ಲಿ ದುಡಿದ ಗುರುತಿಲ್ಲ. ಇಬ್ಬರನ್ನೂ ಕ್ರೂರವಾಗಿ ಕೊಂದು, ಎದೆಯ ತೊಟ್ಟುಗಳನ್ನು ಕೊಯ್ದು, ಹಳೆಯ ರಾಜ್ಯಗಳ ಗಡಿಯಲ್ಲಿ ಹೂತಿದ್ದರು. ಮಳೆಬೆಳೆ ಕೈಕೊಟ್ಟಾಗ ರಾಜನನ್ನೋ ರಾಜನಾಗಬೇಕಿದ್ದವನನ್ನೋ ಬಲಿ ಕೊಡುತ್ತಿದ್ದಿರಬಹುದು ಅನ್ನುವುದು ಐರ್ಲೆಂಡಿನ ರಾಷ್ಟ್ರೀಯ ಮ್ಯೂಸಿಯಂನ ತಜ್ಞರು ಮುಂದಿಟ್ಟ ವಿವರಣೆ. ಇದು ಒಂದು ವಾದ, ಎಲ್ಲರೂ ಒಪ್ಪಿಲ್ಲ.

## ಅಧಿಕ ಮಾಸ ಇದ್ದ ಪಂಚಾಂಗ

ಈಗ ಹುಡುಗಿಯ ಮೊದಲ ಪ್ರಶ್ನೆಗೆ ಬರುತ್ತೇನೆ. 1897ರಲ್ಲಿ ಫ್ರಾನ್ಸ್‌ನ ಕೊಲಿನಿ ಅನ್ನುವಲ್ಲಿ ಒಡೆದ ಕಂಚಿನ ತಗಡಿನ ರಾಶಿ ಸಿಕ್ಕಿತು. ಜೋಡಿಸಿದರೆ ಅದು ಐದು ವರ್ಷದ ಪಂಚಾಂಗ, ಭಾಷೆ ಗಾಲ್‌ನದು, ಅಕ್ಷರ ಲ್ಯಾಟಿನ್. ಚಂದ್ರನ ತಿಂಗಳುಗಳು. ಪ್ರತಿ ತಿಂಗಳೂ ಎರಡು ಪಕ್ಷದ ಹಾಗೆ ಎರಡು ಭಾಗ. ಸೂರ್ಯನ ಲೆಕ್ಕಕ್ಕೆ ಹೊಂದಿಸಲು ಐದು ವರ್ಷದಲ್ಲಿ ಎರಡು ಅಧಿಕ ಮಾಸ. 30 ದಿನದ ತಿಂಗಳಿಗೆ ಸಾಮಾನ್ಯವಾಗಿ "ಒಳ್ಳೆಯದು" ಅಂತ ಗುರುತು, 29ರದ್ದಕ್ಕೆ "ಒಳ್ಳೆಯದಲ್ಲ" ಅಂತ. ಅದರಲ್ಲಿ ಸಮೋನಿಯೊಸ್ ಅನ್ನುವ ತಿಂಗಳಿದೆ, "ಸಮೋನಿಯೊಸ್‌ನ ಮೂರು ರಾತ್ರಿ" ಅನ್ನುವ ವಿಶೇಷವೂ ಇದೆ.

ಐರ್ಲೆಂಡಿನಲ್ಲಿ ಚಳಿಗಾಲ ಶುರುವಾಗುವ ಹಬ್ಬದ ಹೆಸರು ಸೌವಿನ್. ನವೆಂಬರ್ ತಿಂಗಳಿಗೆ ಐರಿಶ್‌ನಲ್ಲಿ ಇವತ್ತಿಗೂ ಅದೇ ಹೆಸರು. ಎರಡಕ್ಕೂ ನಂಟಿದೆ ಅಂತ ಹಲವರು ಹೇಳುತ್ತಾರೆ, ಸಮೋನಿಯೊಸ್ ವರ್ಷದ ಯಾವ ಭಾಗಕ್ಕೆ ಬರುತ್ತಿತ್ತು ಅನ್ನುವ ಬಗ್ಗೆ ಮಾತ್ರ ವಾದ ನಿಂತಿಲ್ಲ. ಕೆಲ್ಟರು ದಿನವನ್ನು ಸಂಜೆಯಿಂದ ಎಣಿಸುತ್ತಿದ್ದರು. ಹಾಗಾಗಿ ನವೆಂಬರ್ 1ರ ಹಬ್ಬ ಅಕ್ಟೋಬರ್ 31ರ ಸಂಜೆಗೇ ಶುರು. ಅವತ್ತು ಈ ಲೋಕಕ್ಕೂ ಆ ಲೋಕಕ್ಕೂ ನಡುವಿನ ಬಾಗಿಲು ತೆರೆಯುತ್ತದೆ ಅಂತ ಕತೆಗಳು ಹೇಳುತ್ತವೆ. ಸೌವಿನ್ ಅನ್ನುವುದು ಯಾವ ದೇವರ ಹೆಸರೂ ಅಲ್ಲ, "ಸಾವಿನ ದೇವರು" ಅಂತ ಅಂತರ್ಜಾಲದಲ್ಲಿ ಓಡಾಡುವ ಮಾತು ಸುಳ್ಳು. ಚರ್ಚಿನವರ ಸಂತರ ಹಬ್ಬವೂ ನವೆಂಬರ್ 1ಕ್ಕೇ ಬಂತು, ಅದರ ಹಿಂದಿನ ಸಂಜೆಯ ಇಂಗ್ಲಿಷ್ ಹೆಸರೇ ಸವೆದು ಹ್ಯಾಲೋವೀನ್ ಆಯಿತು. ಐರ್ಲೆಂಡಿನಲ್ಲಿ ಟರ್ನಿಪ್ ಗಡ್ಡೆ ಕೊರೆದು ದೀಪ ಇಡುತ್ತಿದ್ದರು. 1845ರ ಆಲೂಗಡ್ಡೆ ಬರಗಾಲದ ನಂತರ ಲಕ್ಷಗಟ್ಟಲೆ ಐರಿಶ್ ಜನ ಅಮೆರಿಕಕ್ಕೆ ಹೋದರು. ಗಡ್ಡೆಯ ಜಾಗಕ್ಕೆ ಅಲ್ಲಿ ಕುಂಬಳಕಾಯಿ ಬಂತು.

## ಕೊಂಬಿನ ದೇವರು ಮತ್ತು ಪಶುಪತಿ

1891ರಲ್ಲಿ ಡೆನ್ಮಾರ್ಕಿನ ಗುಂಡೆಸ್ಟ್ರುಪ್ ಜೌಗಿನಲ್ಲಿ ಸುಮಾರು 9 ಕಿಲೋ ತೂಕದ ಬೆಳ್ಳಿ ಕೊಪ್ಪರಿಗೆ ಸಿಕ್ಕಿತು. ಅದರ ಒಂದು ತಗಡಿನಲ್ಲಿ ತಲೆಗೆ ಜಿಂಕೆ ಕೊಂಬಿರುವ, ಕಾಲು ಮಡಿಸಿ ಕೂತ, ಸುತ್ತ ಪ್ರಾಣಿಗಳಿರುವ ಒಬ್ಬ ದೇವರು. ಮೊಹೆಂಜೊದಾರೊದ "ಪಶುಪತಿ" ಮುದ್ರೆಯ ಪಕ್ಕ ಇದರ ಫೋಟೊ ಇಟ್ಟು, "ನೋಡಿ, ಕೆಲ್ಟರೂ ನಮ್ಮವರೇ" ಅನ್ನುವ ಸಂದೇಶ ವಾಟ್ಸಾಪ್‌ನಲ್ಲಿ ನಿಮಗೂ ಬಂದಿರಬಹುದು. ನೋಡಲು ಹೋಲುತ್ತವೆ, ನಿಜ. ಆದರೆ ಇವೆರಡರ ನಡುವೆ ಸುಮಾರು ಎರಡು ಸಾವಿರ ವರ್ಷ, ಸಾವಿರಾರು ಮೈಲಿ ಇದೆ, ಮಧ್ಯೆ ಸೇತುವೆಯಾಗುವ ಒಂದು ವಸ್ತುವೂ ಇಲ್ಲ. ಕೊಪ್ಪರಿಗೆಯ ಬೆಳ್ಳಿ ಕೆಲಸ ಈಗಿನ ಬಲ್ಗೇರಿಯಾ, ರೊಮೇನಿಯಾ ಕಡೆಯ ಕೈಚಳಕ ಅಂತ ಬಹಳ ತಜ್ಞರ ಅಭಿಪ್ರಾಯ. ನಿಜವಾದ ನಂಟು ಬೇಕಿದ್ದರೆ ಪದಗಳಲ್ಲಿ ಹುಡುಕಬೇಕು, ಅಲ್ಲಿ ಧಾರಾಳವಾಗಿ ಸಿಗುತ್ತದೆ. ಐರಿಶ್‌ನಲ್ಲಿ ರಾಜನಿಗೆ "ರೀ". ಸಂಸ್ಕೃತದ ರಾಜನ್, ಲ್ಯಾಟಿನ್‌ನ ರೆಕ್ಸ್ ಇದರ ಒಡಹುಟ್ಟು. ಹಸುವಿಗೆ ಐರಿಶ್‌ನಲ್ಲಿ "ಬೋ". ಅದು ನಮ್ಮ "ಗೋ" ಶಬ್ದದ ಸೋದರ.

## ಒಂದು ಹೋರಿಗಾಗಿ ನಡೆದ ತುರುಗೋಳು

ಆ "ಬೋ" ಐರ್ಲೆಂಡಿನ ಅತಿ ದೊಡ್ಡ ಕತೆಯ ಹೆಸರಿನಲ್ಲೇ ಇದೆ. ಟಾನ್ ಬೋ ಕೂಲ್ನ್ಯ. ಕೂಲ್ನ್ಯ ಅನ್ನುವ ಜಾಗದ ದನಗಳನ್ನು ಅಟ್ಟಿಕೊಂಡು ಹೋದ ಕತೆ. ಬೇರೆ ಭಾಷೆಯವರು ಇದಕ್ಕೆ ಎರಡು ಮೂರು ಪದ ಹುಡುಕಬೇಕು. ನಮ್ಮ ವೀರಗಲ್ಲುಗಳ ಮೇಲೆ ಒಂದೇ ಪದ ಕೆತ್ತಿಟ್ಟಿದ್ದಾರೆ, ತುರುಗೋಳ್.

ರಾಣಿ ಮೇವ್ ಒಂದು ರಾತ್ರಿ ಹಾಸಿಗೆಯಲ್ಲಿ ಗಂಡನ ಜೊತೆ ಯಾರ ಆಸ್ತಿ ಜಾಸ್ತಿ ಅಂತ ವಾದಕ್ಕೆ ಬೀಳುತ್ತಾಳೆ. ಪಾತ್ರೆ, ಬಟ್ಟೆ, ಕುರಿ, ಕುದುರೆ ಎಲ್ಲ ತರಿಸಿ ಎಣಿಸುತ್ತಾರೆ. ಸರಿಸಮ. ಗಂಡನ ಹತ್ತಿರ ಒಂದು ಬಿಳಿಕೊಂಬಿನ ಹೋರಿ ಮಾತ್ರ ಹೆಚ್ಚಿಗೆ. ಅದಕ್ಕೆ ಸಮನಾದ ಹೋರಿ ಅಲ್ಸ್ಟರ್ ನಾಡಿನಲ್ಲಿದೆ ಅಂತ ಗೊತ್ತಾಗಿ ಸೈನ್ಯ ಹೊರಡುತ್ತದೆ. ಒಂದು ಶಾಪದಿಂದ ಅಲ್ಸ್ಟರಿನ ಗಂಡಸರೆಲ್ಲ ಹೆರಿಗೆ ನೋವಿನಂಥ ನೋವಿನಲ್ಲಿ ಮಲಗಿದ್ದಾರೆ. ಎದುರು ನಿಲ್ಲುವವನು ಇನ್ನೂ ಮೀಸೆ ಮೂಡದ ಹುಡುಗ, ಕೂಖುಲಿನ್. ಹೊಳೆ ದಾಟುವ ಜಾಗದಲ್ಲಿ ದಿನಕ್ಕೊಬ್ಬನನ್ನು ಎದುರಿಸುತ್ತಾನೆ. ಕೊನೆಗೆ ಅವನ ಮುಂದೆ ನಿಲ್ಲಿಸುವುದು ಫೆರ್ಡಿಯಾನನ್ನು, ಒಬ್ಬಳೇ ಗುರುವಿನ ಹತ್ತಿರ ವಿದ್ಯೆ ಕಲಿತ ಗೆಳೆಯನನ್ನು. ಹಗಲೆಲ್ಲ ಕಾದಾಡುತ್ತಾರೆ. ಸಂಜೆ ಒಬ್ಬ ತನ್ನ ಗಾಯಕ್ಕೆ ಹಚ್ಚಲು ಬಂದ ಸೊಪ್ಪಿನಲ್ಲಿ ಅರ್ಧ ಅವನಿಗೆ ಕಳಿಸುತ್ತಾನೆ, ಇನ್ನೊಬ್ಬ ತನ್ನ ಊಟದಲ್ಲಿ ಅರ್ಧ ಇವನಿಗೆ ಕಳಿಸುತ್ತಾನೆ, ಇಬ್ಬರ ಕುದುರೆಗಳೂ ಒಂದೇ ಲಾಯದಲ್ಲಿ. ನಾಲ್ಕನೇ ದಿನ ಫೆರ್ಡಿಯಾ ಸಾಯುತ್ತಾನೆ. ಕೂಖುಲಿನ್ ಅವನ ಹೆಣವನ್ನು ಎತ್ತಿಕೊಂಡು ಹೊಳೆ ದಾಟಿಸಿ ಅಳುತ್ತಾನೆ. ಎಷ್ಟು ಸಲ ಓದಿದರೂ ಈ ಭಾಗದಲ್ಲಿ ನನಗೆ ಗಂಟಲು ಕಟ್ಟುತ್ತದೆ.

ಇದು ನಡೆದದ್ದೇ? ಕತೆಯ ಕಾಲ ಕ್ರಿಸ್ತನ ಸುಮಾರಿನದು ಅಂತ ಹೇಳಿಕೊಳ್ಳುತ್ತದೆ. ಸಿಕ್ಕಿರುವ ಹಳೆಯ ಹಸ್ತಪ್ರತಿ ಕ್ರಿ.ಶ. 1100ರ ಸುಮಾರಿನದು, ಬರೆದವರು ಕ್ರೈಸ್ತ ಸನ್ಯಾಸಿಗಳು. ಸಾವಿರ ವರ್ಷದ ಅಂತರ. ಕತೆಯ ತುಂಬ ರಥಗಳಿವೆ. ಐರ್ಲೆಂಡಿನ ಮಣ್ಣಿನಲ್ಲಿ ಕುದುರೆಯ ಕಡಿವಾಣ ಬೇಕಾದಷ್ಟು ಸಿಕ್ಕಿವೆ, ಇಂಗ್ಲೆಂಡಿನ ಯಾರ್ಕ್‌ಶೈರಿನಲ್ಲಿ ಸಿಕ್ಕಂಥ ರಥದ ಸಮಾಧಿ ಸಿಕ್ಕಿಲ್ಲ. ಆದರೆ ಅಲ್ಸ್ಟರಿನ ರಾಜಧಾನಿ ಅಂತ ಕತೆ ಹೇಳುವ ನೇವನ್ ದಿಬ್ಬ ಅಗೆದಾಗ, 40 ಮೀಟರ್ ಅಗಲದ ದುಂಡನೆ ಮರದ ಕಟ್ಟಡದ ಗುರುತು ಸಿಕ್ಕಿತು. ಅದರ ನಡುಗಂಬದ ಓಕ್ ಮರವನ್ನು ಕ್ರಿ.ಪೂ. 95ರ ಸುಮಾರಿಗೆ ಕಡಿದಿದ್ದರು, ಮರದ ಉಂಗುರ ಎಣಿಸಿ ಇಷ್ಟು ಕರಾರುವಾಕ್ಕಾಗಿ ಹೇಳಬಹುದು. ಕಟ್ಟಿ ಮುಗಿಸಿ, ಒಳಗೆಲ್ಲ ಕಲ್ಲು ತುಂಬಿ, ಬೆಂಕಿ ಹಚ್ಚಿ, ಮೇಲೆ ಮಣ್ಣು ಮುಚ್ಚಿದ್ದಾರೆ. ಯಾರೂ ವಾಸ ಮಾಡಲು ಕಟ್ಟಿದ್ದಲ್ಲ. ಮೇವ್ ರಾಣಿಯ ಊರು ಅನ್ನುವ ರಾತ್‌ಕ್ರೋಘನ್‌ನಲ್ಲಿ "ಬೆಕ್ಕುಗಳ ಗವಿ" ಇದೆ, ಸೌವಿನ್ ರಾತ್ರಿ ಅದರಿಂದ ಪಿಶಾಚಿಗಳು ಹೊರಡುತ್ತವೆ ಅಂತ ಕತೆ. ಗವಿಯ ಬಾಗಿಲ ಕಲ್ಲಿನಲ್ಲಿ ಐರ್ಲೆಂಡಿನ ಹಳೆಯ ಓಘಮ್ ಲಿಪಿಯ ಗೀರುಗಳಿವೆ. ಓದಿದರೆ "ಮೇವ್‌ಳ ಮಗ ಫ್ರೇಖ್‌ನದು".

## ಜೌಗಿನ ಮೇಲಿನ ರಸ್ತೆ

ಕತೆಯೂ ಮಣ್ಣೂ ಇನ್ನೂ ಹತ್ತಿರ ಬರುವ ಒಂದು ಜಾಗ ಇದೆ. ಮಿದಿರ್ ಅನ್ನುವ ದೇವಲೋಕದವನು ರಾಜ ಇಯೋಖಿಗೆ ಪಂದ್ಯದಲ್ಲಿ ಸೋಲುತ್ತಾನೆ. ಯಾರೂ ದಾಟದ ಒಂದು ಜೌಗಿನ ಮೇಲೆ ರಸ್ತೆ ಮಾಡಿಕೊಡು ಅಂತ ರಾಜ ಕೇಳುತ್ತಾನೆ. ಮಾಡುತ್ತೇನೆ, ಆದರೆ ಆ ರಾತ್ರಿ ಯಾರೂ ನೋಡಬಾರದು ಅನ್ನುತ್ತಾನೆ ಮಿದಿರ್. ರಾಜ ತನ್ನ ಪಾರುಪತ್ಯಗಾರನನ್ನು ಕದ್ದು ನೋಡಲು ಕಳಿಸುತ್ತಾನೆ. ಅವನು ಕಂಡದ್ದು ಇಷ್ಟು. ಲೋಕದ ಗಂಡಸರೆಲ್ಲ ಬಂದಂತೆ ಜನ, ಕಾಡನ್ನೇ ಬುಡಸಮೇತ ತಂದು ತಳಕ್ಕೆ ಹಾಸುತ್ತಿದ್ದಾರೆ, ಎತ್ತುಗಳಿಗೆ ನೊಗವನ್ನು ಹಣೆಗೆ ಕಟ್ಟದೆ ಹೆಗಲ ಮೇಲೆ ಇಟ್ಟಿದ್ದಾರೆ. ಅಲ್ಲಿಂದ ಮುಂದೆ ಐರ್ಲೆಂಡಿನವರೂ ಎತ್ತಿನ ಹೆಗಲಿಗೆ ನೊಗ ಇಡುವುದು ಕಲಿತರಂತೆ.

1980ರ ದಶಕದಲ್ಲಿ ಲಾಂಗ್‌ಫರ್ಡ್ ಕೌಂಟಿಯ ಕಾರ್ಲೀ ಅನ್ನುವಲ್ಲಿ ಪೀಟ್ ತೆಗೆಯುವಾಗ ಓಕ್ ಹಲಗೆಗಳ ರಸ್ತೆ ಕಾಣಿಸಿತು. ಒಂದು ಕಿಲೋಮೀಟರ್ ಉದ್ದ, ಬಂಡಿ ಹೋಗುವಷ್ಟು ಅಗಲ. ಕಥೆಯಲ್ಲಿ ಬರುವ ಜೌಗು ಇದೇ ಇರಬಹುದು ಅಂತ ಕೆಲವು ವಿದ್ವಾಂಸರು ಹೇಳುತ್ತಾರೆ. ಮರಗಳನ್ನು ಕಡಿದದ್ದು ಕ್ರಿ.ಪೂ. 148ರಲ್ಲಿ. ಹಲಗೆಗಳ ಮೇಲೆ ಬಂಡಿ ಓಡಾಡಿದ ಸವೆತ ಹೆಚ್ಚು ಕಾಣುವುದಿಲ್ಲ. ಅಷ್ಟು ಮರದ ಭಾರ ಆ ಮೆತ್ತನೆ ನೆಲ ತಡೆಯಲಿಲ್ಲ, ಕೆಲವೇ ವರ್ಷಗಳಲ್ಲಿ ರಸ್ತೆ ಜೌಗಿನೊಳಗೆ ಇಳಿದುಹೋಯಿತು. ಅದರ 18 ಮೀಟರ್ ತುಂಡನ್ನು ಈಗ ಅಲ್ಲೇ ಒಂದು ಕಟ್ಟಡದೊಳಗೆ ತೇವ ಆರದಂತೆ ಕಾಪಾಡಿ ಇಟ್ಟಿದ್ದಾರೆ.

ಕತೆಯಲ್ಲೂ ಆ ರಸ್ತೆ ಸರಿಯಾಗಲಿಲ್ಲ. ಪಾರುಪತ್ಯಗಾರ ಕದ್ದು ನೋಡದೆ ಇದ್ದಿದ್ದರೆ ಲೋಕದಲ್ಲಿ ಅದಕ್ಕಿಂತ ಒಳ್ಳೆಯ ರಸ್ತೆ ಇರುತ್ತಿರಲಿಲ್ಲ, ನೋಡಿದ್ದರಿಂದ ಅದರಲ್ಲಿ ಕೊರತೆ ಉಳಿಯಿತು ಅಂತ ಕತೆ ಹೇಳುತ್ತದೆ.